ಉಲಿಗೆ ಹೋದ ಹಾಲಿನ ಪುಡಿ

ದಾನ ಕೊಡುವಾಗ ದೇಶ, ಕಾಲ, ಪಾತ್ರ ನೋಡಬೇಕು ಎನ್ನುತ್ತದೆ ನಮ್ಮ ಪರಂಪರೆ. ಅನ್ನದಾನಕ್ಕೆ ಮಾತ್ರ ಹಸಿವೇ ಪಾತ್ರತೆ ಎಂಬ ಮಾತೂ ಅದೇ ಪರಂಪರೆಯಲ್ಲಿದೆ. ಯುದ್ಧದ ನಾಡಿಗೆ ಹೊರಗಿನವರು ಅನ್ನ ಕಳಿಸಬಹುದೇ ಎಂಬ ಪ್ರಶ್ನೆ ಬಂದಾಗ ಈ ಎರಡು ಮಾತುಗಳಲ್ಲಿ ಒಂದನ್ನು ಆರಿಸಿಕೊಳ್ಳಲೇಬೇಕಾಗುತ್ತದೆ. 1967ರ ಮೇ ತಿಂಗಳಲ್ಲಿ ನೈಜೀರಿಯಾದಿಂದ ಬೇರೆಯಾದ ಬಯಾಫ್ರಾಕ್ಕೆ ಅಲ್ಲಿನ ಒಕ್ಕೂಟ ಸರ್ಕಾರ ದಿಗ್ಬಂಧನ ಹೇರಿತು. ಮರುವರ್ಷ ಪೋರ್ಟ್ ಹಾರ್ಕೋರ್ಟ್ ಬಂದರು ಕೂಡ ಬಯಾಫ್ರಾದ ಕೈತಪ್ಪಿ ಸಮುದ್ರದ ದಾರಿ ಮುಚ್ಚಿತು. ಪ್ರೋಟೀನ್ ಇಲ್ಲದೆ ಮಕ್ಕಳ ಹೊಟ್ಟೆ, ಪಾದಗಳು ಊದಿಕೊಂಡವು, ಕೂದಲು ಕೆಂಚಾಯಿತು. ಆಗ ಚರ್ಚುಗಳು ಒಟ್ಟಾಗಿ ಸಾವೊ ಟೋಮೆ ದ್ವೀಪದಿಂದ ರಾತ್ರಿ ಹೊತ್ತು ವಿಮಾನ ಹಾರಿಸಿದವು. ಬಯಾಫ್ರಾದ ಉಲಿ ಎಂಬಲ್ಲಿ ರಸ್ತೆಯ ಒಂದು ತುಂಡೇ ರನ್‌ವೇ. ವಿಮಾನ ಇಳಿಯುವಾಗಷ್ಟೇ ದೀಪ ಹತ್ತಿಸಿ ಕೂಡಲೇ ಆರಿಸುತ್ತಿದ್ದರು, ಮೇಲೆ ಒಕ್ಕೂಟದ ಬಾಂಬರ್ ಸುತ್ತುತ್ತಿರುತ್ತಿತ್ತು. ಒಣಮೀನಿನ, ಹಾಲಿನ ಪುಡಿಯ ಮೂಟೆಗಳನ್ನು ಇಳಿಸುತ್ತಿದ್ದುದು ಕತ್ತಲಲ್ಲೇ.

ಅದೇ ರನ್‌ವೇಯಲ್ಲಿ ಶಸ್ತ್ರಾಸ್ತ್ರದ ವಿಮಾನಗಳೂ ಇಳಿಯುತ್ತಿದ್ದವು. ಪರಿಹಾರ ಸಂಸ್ಥೆಗಳು ಸ್ಥಳೀಯ ಖರ್ಚಿಗೆಂದು ತಂದ ವಿದೇಶಿ ಹಣ ಬಯಾಫ್ರಾ ಸರ್ಕಾರದ ಖಜಾನೆಗೆ ಸೇರುತ್ತಿತ್ತು. ಯುದ್ಧ 1970ರ ಜನವರಿಯವರೆಗೆ ಎಳೆಯಿತು. ಹೊರಗಿನ ಅನ್ನ ಬರದಿದ್ದರೆ ಬೇಗ ಮುಗಿದು ಒಟ್ಟು ಸಾವು ಕಡಿಮೆಯಾಗುತ್ತಿತ್ತು ಎಂದು ವಾದಿಸುವವರಿದ್ದಾರೆ. ಈ ವಾದವನ್ನು ನಾನು ಹಗುರವಾಗಿ ಕಾಣುವುದಿಲ್ಲ, ಕೊಟ್ಟ ಅನ್ನ ಯಾರ ಬಲ ಹೆಚ್ಚಿಸಿತು ಎಂದು ಕೇಳಲೇಬೇಕು. ಆದರೆ ಅನ್ನ ನಿಂತಿದ್ದರೆ ಯುದ್ಧವನ್ನು ಮುಗಿಸುತ್ತಿದ್ದುದು ಯಾವುದು? ಮಕ್ಕಳ ಹಸಿವೇ. ಬಂದೂಕು ಹಿಡಿದವನಿಗೆ ಊಟ ಮೊದಲು ಸಿಗುತ್ತದೆ; ದಿಗ್ಬಂಧನದ ಪೆಟ್ಟು ಅವನಿಗಿಂತ ಮೊದಲು ಮಗುವಿಗೆ, ಬಾಣಂತಿಗೆ, ಮುದುಕರಿಗೆ ತಗಲುತ್ತದೆ. ಸೋಲು ಒಪ್ಪುವ ಅಧಿಕಾರ ಅವರಲ್ಲಿ ಯಾರಿಗೂ ಇಲ್ಲ. ಬಯಾಫ್ರಾದ ನಾಯಕ ಒಜುಕ್ವು, ಒಕ್ಕೂಟದ ನೆಲದ ಮೂಲಕ ಬರುವ ಆಹಾರಕ್ಕೆ ವಿಷ ಬೆರೆಸಬಹುದೆಂಬ ಭಯ ಮುಂದಿಟ್ಟು ಆ ದಾರಿಗೆ ಒಪ್ಪಲಿಲ್ಲ. ಅದು ದೊಡ್ಡ ತಪ್ಪು. ನಾಯಕನ ತಪ್ಪಿಗೆ ಮಗು ಅಪಾತ್ರವಾಗುವುದು ಹೇಗೆ?

ಕಾನೂನು ಕೂಡ ಪಾತ್ರ ನೋಡಿಯೇ ಶುರುವಾಯಿತು. 1949ರ ನಾಲ್ಕನೆಯ ಜಿನೀವಾ ಒಪ್ಪಂದ ಅಗತ್ಯ ಆಹಾರಕ್ಕೆ ದಾರಿ ಬಿಡಿ ಎಂದದ್ದು 15 ವರ್ಷದೊಳಗಿನ ಮಕ್ಕಳಿಗೆ, ಬಸುರಿ ಬಾಣಂತಿಯರಿಗೆ. ಅದೂ ಶತ್ರುವಿಗೆ ಲಾಭವಾಗುವ ಭಯ ಇಲ್ಲದಿದ್ದರೆ ಮಾತ್ರ. ನಾಗರಿಕರನ್ನು ಉಪವಾಸ ಕೆಡವುವ ಯುದ್ಧತಂತ್ರವನ್ನೇ ಒಳಯುದ್ಧಗಳಲ್ಲೂ ನಿಷೇಧಿಸಿದ್ದು ಜಿನೀವಾ ಒಪ್ಪಂದಗಳಿಗೆ ಸೇರಿದ 1977ರ ಪ್ರೋಟೋಕಾಲ್‌ಗಳು. ಅಷ್ಟರಲ್ಲಿ ಬಯಾಫ್ರಾದ ಲಕ್ಷಾಂತರ ಜನ ಹಸಿವಿನಿಂದ ಸತ್ತಾಗಿತ್ತು. ಮೂಟೆ ಉಲಿಯಿಂದ ಗಂಜಿಕೇಂದ್ರಕ್ಕೆ ಹೋಯಿತೋ ಸೇನಾ ಶಿಬಿರಕ್ಕೋ ಎಂದು ಬೆನ್ನುಹತ್ತಿ ನೋಡುವ ಹೊಣೆ ಕೊಟ್ಟವರದೇ, ಅದರಿಂದ ಅವರು ಜಾರಿಕೊಳ್ಳುವಂತಿಲ್ಲ. ಆದರೆ ಆ ಲೆಕ್ಕ ಚುಕ್ತಾ ಆಗಲಿ ಎಂದು ಹಾಲಿನ ಪುಡಿಯನ್ನು ಸಾವೊ ಟೋಮೆಯ ಗೋದಾಮಿನಲ್ಲೇ ಇಟ್ಟುಕೊಳ್ಳುವ ಹಕ್ಕೂ ಅವರಿಗಿರಲಿಲ್ಲ.