'ಬೇಡ' ಅನ್ನುವ ಹಕ್ಕು

ಬಡವರ ಮುಖ ಯಾರ ಆಸ್ತಿ? ಸೌಂದರ್ಯಮೀಮಾಂಸೆಯ ದಪ್ಪ ದಪ್ಪ ಗ್ರಂಥಗಳಲ್ಲಿ ಈ ಪ್ರಶ್ನೆ ಸಿಗುವುದು ಕಷ್ಟ. ಅಲ್ಲಿ ನೋಡುವವನ ರಸಾನುಭವದ ಬಗ್ಗೆ ಮಾರುದ್ದ ಚರ್ಚೆ ಇದೆ. ನೋಡಿಸಿಕೊಳ್ಳುವವರ ಬಗ್ಗೆ ಮಾತಿಲ್ಲ. ಆದ್ದರಿಂದ ಗ್ರಂಥವನ್ನು ಬದಿಗಿಟ್ಟು ಮಾರ್ಕೆಟ್ಟಿಗೇ ಹೋಗೋಣ. ನಮ್ಮ ಮಾರ್ಕೆಟ್ಟಲ್ಲ, ವಿಯೆಟ್ನಾಮಿನ ಹೋ ಚಿ ಮಿನ್ ನಗರದ್ದು. ಹಿಂದೆ ಸೈಗಾನ್ ಅಂತ ಹೆಸರಿದ್ದ ಊರು. ಫ್ರೆಂಚರನ್ನೂ ಅಮೆರಿಕದವರನ್ನೂ ಒದ್ದೋಡಿಸಿದ ಜನರ ನಾಡು.

ಅಲ್ಲಿ ಈಗ ಫೋಟೋ ನಡಿಗೆ ಅನ್ನುವ ಒಂದು ಹೊಸ ಕಸುಬು ಬೆಳೆದಿದೆ. ಹೊರದೇಶದಿಂದ ಬಂದ ನಾಲ್ಕೈದು ಪ್ರವಾಸಿಗಳು, ಎಲ್ಲರ ಕೊರಳಲ್ಲೂ ಕ್ಯಾಮರಾ. ಮುಂದೆ ಒಬ್ಬ ಮಾರ್ಗದರ್ಶಿ. ಬಿಸಿಲು ಏರುವ ಮೊದಲೇ ಮಾರ್ಕೆಟ್ಟಿನ ಸಂದಿಗೊಂದಿಗಳಿಗೆ ನುಗ್ಗುತ್ತಾರೆ. ಮೀನು ಕೊಚ್ಚುವ ಹೆಂಗಸು, ಹೂವಿನ ಹೊರೆ ಇಳಿಸುವ ಹಮಾಲಿ, ತಾಳೆಗರಿಯ ಗೋಪುರಟೋಪಿ ಹಾಕಿಕೊಂಡು ಸೊಪ್ಪು ಹರವಿ ಕೂತ ಮುದುಕಿ, ಕುಳ್ಳ ಪ್ಲಾಸ್ಟಿಕ್ ಸ್ಟೂಲಿನ ಮೇಲೆ ಕುಕ್ಕರುಗಾಲಲ್ಲಿ ಕೂತು ಶ್ಯಾವಿಗೆಯ ಸಾರು ಕುಡಿಯುವ ಬೈಕ್ ಸವಾರ. ಬೆಳಕು ಯಾವ ಕಡೆಯಿಂದ ಬೀಳುತ್ತದೆ, ಎಷ್ಟು ಹತ್ತಿರ ಹೋಗಬೇಕು, ಎಲ್ಲಿ ಕಾದು ನಿಂತರೆ ಒಳ್ಳೆಯ ಚಿತ್ರ ಸಿಗುತ್ತದೆ, ಯಾವಾಗ ನಗಬೇಕು ಅಂತ ಮಾರ್ಗದರ್ಶಿ ಹೇಳಿಕೊಡುತ್ತಾನೆ. ಇದಕ್ಕೆ ಶುಲ್ಕ ಉಂಟು. ಶುಲ್ಕ ಕೊಡುವವರು ಪ್ರವಾಸಿಗಳು, ಪಡೆಯುವವನು ಮಾರ್ಗದರ್ಶಿ. ಯಾರ ಮುಖ ನೋಡಲು ಇಷ್ಟೆಲ್ಲ ಏರ್ಪಾಡೋ ಆ ಹೆಂಗಸು ಈ ಲೆಕ್ಕದಲ್ಲಿ ಎಲ್ಲೂ ಇಲ್ಲ.

ಇದರಲ್ಲಿ ತಪ್ಪೇನು ಅಂತ ಕೇಳುವವರು ಇದ್ದೇ ಇರುತ್ತಾರೆ. ಅವರ ವಾದ ಮೂರು. ಒಂದು, ಮಾರ್ಕೆಟ್ಟು ಸಾರ್ವಜನಿಕ ಜಾಗ. ಎರಡು, ಫೋಟೋ ತೆಗೆದರೆ ಯಾರ ಗಂಟೂ ಹೋಗುವುದಿಲ್ಲ, ಅವರೇ ನಗ್ತಾರಲ್ಲ. ಮೂರು, ಮುಂಚಿತವಾಗಿ ಕೇಳಿಬಿಟ್ಟರೆ ಚಿತ್ರ ಸತ್ತುಹೋಗುತ್ತದೆ. ಈ ಮೂರನೆಯ ವಾದಕ್ಕೆ ದೊಡ್ಡ ಹೆಸರುಗಳ ಬೆಂಬಲ ಹುಡುಕುತ್ತಾರೆ. ಫ್ರಾನ್ಸಿನ ಛಾಯಾಗ್ರಾಹಕ ಕಾರ್ತಿಯೆ-ಬ್ರೆಸ್ಸೋನ ಪುಸ್ತಕ ೧೯೫೨ರಲ್ಲಿ ಬಂದಾಗಿನಿಂದ 'ನಿರ್ಣಾಯಕ ಕ್ಷಣ' ಅನ್ನುವುದು ಬೀದಿ ಛಾಯಾಗ್ರಹಣದ ಮಂತ್ರವಾಗಿಬಿಟ್ಟಿದೆ. ಆದರೆ ನಿರ್ಣಾಯಕ ಯಾರಿಗೆ? ಮೀನು ಮಾರುವವಳ ನಿರ್ಣಾಯಕ ಕ್ಷಣ ಬೇರೆ. ಐಸು ಕರಗುವುದರೊಳಗೆ ಬುಟ್ಟಿ ಖಾಲಿಯಾಯಿತಾ ಇಲ್ಲವಾ ಅನ್ನುವುದು ಅದು. ಆ ಕ್ಷಣದಲ್ಲಿ ಗಿರಾಕಿಗೂ ಅವಳಿಗೂ ನಡುವೆ ಒಂದು ಲೆನ್ಸು ಬಂದು ನಿಂತರೆ ಅದಕ್ಕೆ ಕಲೆ ಅಂತ ಹೆಸರು.

ಈ ನೋಟ ಇವತ್ತು ನಿನ್ನೆಯದಲ್ಲ. ಗಡಿಯಾರದ ಗೋಪುರ ಹೊತ್ತ ಬೆನ್ ಥಾನ್ ಮಾರುಕಟ್ಟೆ ಪ್ರವಾಸಿಗಳ ಪಾಲಿಗೆ ಆ ಊರಿನ ಗುರುತು. ಅದು ೧೯೧೪ರಲ್ಲಿ ಫ್ರೆಂಚ್ ಆಡಳಿತದಲ್ಲಿ ಎದ್ದ ಕಟ್ಟಡ. ಅದೇ ಕಾಲಕ್ಕೆ ದ್ಯೂಲ್ಫಿಲ್ ಎಂಬ ಫ್ರೆಂಚ್ ಛಾಯಾಗ್ರಾಹಕ ಹನೋಯಿಯಲ್ಲಿ ಅಂಗಡಿ ಇಟ್ಟು ಇಂಡೋಚೈನಾದ ಸಾವಿರಾರು ಚಿತ್ರಗಳನ್ನು ಅಂಚೆಕಾರ್ಡು ಮಾಡಿ ಮಾರಿದ. ಅಂಥ ಕಾರ್ಡುಗಳಲ್ಲಿ ಊರಿಗೆ ಹೆಸರಿರುತ್ತಿತ್ತು, ಕಟ್ಟಡಕ್ಕೆ ಹೆಸರಿರುತ್ತಿತ್ತು. ಮನುಷ್ಯರಿಗೆ ಮಾತ್ರ 'ಮಾರುವವಳು', 'ಕೂಲಿ' ಅನ್ನುವ ಜಾತಿಹೆಸರಿನಂಥ ಪಟ್ಟಿ. ಇಂಡಿಯಾದಲ್ಲಿ ಬ್ರಿಟಿಷರೂ ಇದನ್ನೇ ಮಾಡಿದರು. ೧೮೬೮ರಿಂದ ೧೮೭೫ರವರೆಗೆ ಎಂಟು ಸಂಪುಟಗಳಲ್ಲಿ ಈ ದೇಶದ ಜಾತಿ, ಬುಡಕಟ್ಟುಗಳ ಫೋಟೋ ಅಚ್ಚು ಹಾಕಿಸಿದರು. ಆಳುವವನಿಗೆ ಮನುಷ್ಯ ಬೇಡ, ಮಾದರಿ ಬೇಕು. ಇವತ್ತಿನ ಪ್ರವಾಸಿ ಆಳಲು ಬಂದವನಲ್ಲ, ನಿಜ. ಆದರೆ ಅವನ ಚಿತ್ರದ ಕೆಳಗೂ 'ಸೈಗಾನಿನ ಮೀನುಗಾತಿ' ಅಂತಲೇ ಇರುತ್ತದೆ. ಹೆಸರು ಕೇಳುವ ವ್ಯವಧಾನ ಅವನಿಗೂ ಇರಲಿಲ್ಲ.

ಅದೇ ನಗರದ ಚೊಲೋನ್ ಪ್ರದೇಶದಲ್ಲಿ ಬಿನ್ ತೇಯ್ ಅನ್ನುವ ಸಗಟು ಮಾರುಕಟ್ಟೆ ಇದೆ. ಚೊಲೋನ್ ಅಂದರೆ ದೊಡ್ಡ ಮಾರ್ಕೆಟ್ಟು ಅಂತಲೇ ಅರ್ಥ. ೧೯೨೦ರ ದಶಕದ ಕೊನೆಯಲ್ಲಿ ಅದನ್ನು ಕಟ್ಟಿಸಿದವನು ಚೀನೀ ಮೂಲದ ವ್ಯಾಪಾರಿ ಕ್ವಾಕ್ ದಾಮ್. ಒಳಅಂಗಳದಲ್ಲಿ ಅವನ ಪ್ರತಿಮೆ ಇದೆ, ಮುಂದೆ ಊದುಬತ್ತಿ ಉರಿಯುತ್ತದೆ. ಹಣ ಹಾಕಿದವನಿಗೆ ಹೆಸರು, ಮುಖ, ಪೂಜೆ ಎಲ್ಲ ದಕ್ಕಿತು. ಅಲ್ಲಿ ಮೂಟೆ ಹೊತ್ತವರಿಗೆ ದಕ್ಕಿದ್ದು ಅನಾಮಧೇಯ ಫೋಟೋ.

ಇನ್ನೊಂದು ವಿಪರ್ಯಾಸ ನೋಡಿ. ಬಿದಿರಿನ ಅಡ್ಡೆಯ ಎರಡು ತುದಿಗೂ ಬುಟ್ಟಿ ತೂಗಿಸಿ ಹೆಗಲ ಮೇಲೆ ಹೊತ್ತು ಬೀದಿ ಬೀದಿ ಸುತ್ತುವ ಹೆಂಗಸರು ವಿಯೆಟ್ನಾಮಿನ ಊರುಗಳಲ್ಲಿ ಇದ್ದಾರೆ. ಬಹಳ ಮಂದಿ ಹಳ್ಳಿ ಬಿಟ್ಟು ಹೊಟ್ಟೆಪಾಡಿಗೆ ಬಂದವರು. ಪ್ರವಾಸದ ಜಾಹೀರಾತಿನಲ್ಲಿ, ಅಂಚೆಕಾರ್ಡಿನಲ್ಲಿ ಅವರದೇ ಚಿತ್ರ. ಆದರೆ ೨೦೦೮ರಲ್ಲಿ ಹನೋಯಿ ನಗರಾಡಳಿತ ೬೨ ಬೀದಿಗಳಲ್ಲಿ ಇವರು ಮಾರಾಟ ಮಾಡಕೂಡದು ಅಂತ ನಿಷೇಧ ಹಾಕಿತು. ೨೦೧೭ರಲ್ಲಿ ಹೋ ಚಿ ಮಿನ್ ನಗರದ ಆಗಿನ ಒಂದನೇ ಜಿಲ್ಲೆಯಲ್ಲಿ ಫುಟ್‌ಪಾತ್ ತೆರವಿನ ದೊಡ್ಡ ಕಾರ್ಯಾಚರಣೆ ನಡೆಯಿತು. ಆ ಜಾಗವನ್ನು 'ಪುಟ್ಟ ಸಿಂಗಪುರ' ಮಾಡುತ್ತೇವೆ ಅನ್ನುವುದು ಅಧಿಕಾರಿಗಳ ಘೋಷಣೆ. ಅಧಿಕಾರಿಗೆ ಅವಳು ಊರಿನ ಅಂದ ಕೆಡಿಸುವ ಕಸ. ಕ್ಯಾಮರಾದವನಿಗೆ ಅವಳೇ ಊರಿನ ಅಂದ. ಒಬ್ಬ ಅವಳನ್ನು ಚೌಕಟ್ಟಿನಿಂದ ಆಚೆ ತಳ್ಳುತ್ತಾನೆ, ಇನ್ನೊಬ್ಬ ಚೌಕಟ್ಟಿನೊಳಕ್ಕೆ ಎಳೆಯುತ್ತಾನೆ. ನಿನಗೇನು ಬೇಕಮ್ಮಾ ಅಂತ ಇಬ್ಬರೂ ಕೇಳುವುದಿಲ್ಲ. ಪೊಲೀಸರು ಬುಟ್ಟಿ ಕಿತ್ತುಕೊಂಡ ದಿನ, ಅವಳ ಚಿತ್ರದಿಂದ ಬಹುಮಾನ ಗೆದ್ದವನು ಅವಳ ಪರವಾಗಿ ಸಾಕ್ಷಿ ಹೇಳಲು ಬರುವುದಿಲ್ಲ. ಅವನಿಗೆ ಅವಳ ವಿಳಾಸವೇ ಗೊತ್ತಿಲ್ಲ.

ಇಲ್ಲಿ ಒಂದು ಆಕ್ಷೇಪವನ್ನು ಪ್ರಾಮಾಣಿಕವಾಗಿ ಎದುರಿಸಬೇಕು. ಕ್ಯಾಮರಾ ಇಲ್ಲದಿದ್ದರೆ ವಿಯೆಟ್ನಾಮಿನ ಸಂಕಟ ಲೋಕಕ್ಕೆ ಗೊತ್ತಾಗುತ್ತಿತ್ತಾ? ಗೊತ್ತಾಗುವುದು ಕಷ್ಟವಿತ್ತು. ಆ ಯುದ್ಧಗಳಲ್ಲಿ ಎರಡೂ ಕಡೆಯ ೧೩೦ಕ್ಕೂ ಹೆಚ್ಚು ಛಾಯಾಗ್ರಾಹಕರು ಪ್ರಾಣ ಬಿಟ್ಟಿದ್ದಾರೆ. ಅವರು ತೆಗೆದ ಚಿತ್ರಗಳನ್ನು ಹೋ ಚಿ ಮಿನ್ ನಗರದ ಯುದ್ಧ ಸಂಗ್ರಹಾಲಯದಲ್ಲಿ ಇಟ್ಟಿದ್ದಾರೆ. ಅಂಥ ಸಾಕ್ಷಿಯ ಮುಂದೆ ತಲೆ ಬಾಗಲೇಬೇಕು. ಆದರೆ ಸಾಕ್ಷಿಯಲ್ಲೂ ಬಗೆಗಳಿವೆ.

೧೯೬೩ರ ಜೂನ್ ೧೧ರಂದು ಸೈಗಾನಿನ ನಡುರಸ್ತೆಯಲ್ಲಿ ಥಿಕ್ ಕ್ವಾಂಗ್ ದುಕ್ ಎಂಬ ಬೌದ್ಧ ಭಿಕ್ಷು ಬೆಂಕಿ ಹಚ್ಚಿಕೊಂಡು ಕದಲದೆ ಕೂತ. ಬೌದ್ಧರ ಮೇಲಿನ ಸರ್ಕಾರದ ದಬ್ಬಾಳಿಕೆಗೆ ಅದು ಪ್ರತಿಭಟನೆ. ಮಾಲ್ಕಂ ಬ್ರೌನ್ ತೆಗೆದ ಆ ಚಿತ್ರ ಲೋಕವನ್ನೇ ನಡುಗಿಸಿತು. ಅದರ ಹಿಂದಿನ ಒಂದು ಸಂಗತಿಯನ್ನು ನಾವು ಮರೆಯಬಾರದು. ಭಿಕ್ಷುಗಳೇ ಹಿಂದಿನ ದಿನ ವಿದೇಶಿ ಪತ್ರಕರ್ತರಿಗೆ ಫೋನ್ ಮಾಡಿ, ನಾಳೆ ಬನ್ನಿ ಅಂತ ಹೇಳಿದ್ದರು. ಅಂದರೆ ಕ್ಯಾಮರಾವನ್ನು ಕರೆಸಿದವರು ನೋಯುತ್ತಿದ್ದವರು. ಏನು ಕಾಣಬೇಕು, ಯಾಕೆ ಕಾಣಬೇಕು ಅನ್ನುವ ತೀರ್ಮಾನ ಅವರದಾಗಿತ್ತು.

೧೯೭೨ರ ಜೂನ್ ೮ರ ಚಿತ್ರ ಬೇರೆ. ತ್ರಾಂಗ್ ಬಾಂಗ್ ಹಳ್ಳಿಯ ಮೇಲೆ ನೇಪಾಮ್ ಬಿದ್ದು ಒಂಬತ್ತು ವರ್ಷದ ಕಿಮ್ ಫುಕ್ ಮೈ ಸುಟ್ಟುಕೊಂಡು ಬತ್ತಲೆ ಓಡಿ ಬರುವ ಚಿತ್ರ. ಅದು ಯುದ್ಧದ ಕ್ರೌರ್ಯಕ್ಕೆ ಸಾಕ್ಷಿಯಾಯಿತು, ಸರಿ. ಆದರೆ ಕಿಮ್ ಫುಕ್ ಬೆಳೆದು ದೊಡ್ಡವರಾದ ಮೇಲೆ ಹೇಳಿದ್ದೇನು? ಆ ಚಿತ್ರವನ್ನು ಕಂಡರೆ ಚಿಕ್ಕಂದಿನಲ್ಲಿ ನಾಚಿಕೆ ಆಗುತ್ತಿತ್ತು, ತನ್ನನ್ನು ಇನ್ನು ಆ ಚಿತ್ರದ ಹುಡುಗಿಯಾಗಿ ಮಾತ್ರ ನೋಡಬೇಡಿ ಅಂತ, ಐವತ್ತು ವರ್ಷದ ನಂತರ ೨೦೨೨ರಲ್ಲಿ ಬರೆದರು. ೨೦೨೫ರಲ್ಲಿ ಇನ್ನೊಂದು ವಿವಾದ ಎದ್ದಿತು. ಚಿತ್ರ ತೆಗೆದವನು ನಿಕ್ ಉಟ್ ಅಲ್ಲ, ಸುದ್ದಿಸಂಸ್ಥೆಯ ನೌಕರನೂ ಅಲ್ಲದ ಇನ್ನೊಬ್ಬ ವಿಯೆಟ್ನಾಮಿ ಅಂತ ಒಂದು ಸಾಕ್ಷ್ಯಚಿತ್ರ ವಾದಿಸಿತು. ಸುದ್ದಿಸಂಸ್ಥೆ ಉಟ್ ಹೆಸರನ್ನೇ ಉಳಿಸಿಕೊಂಡಿತು. ವರ್ಲ್ಡ್ ಪ್ರೆಸ್ ಫೋಟೋ ಸಂಸ್ಥೆ ಆ ಹೆಸರನ್ನು ತಡೆಹಿಡಿಯಿತು. ತೆಗೆದವರ ಹೆಸರಿಗಾಗಿ ಇಷ್ಟು ದೊಡ್ಡ ಜಗಳ. ಚಿತ್ರದೊಳಗಿನ ಹುಡುಗಿಗೆ ತನ್ನ ಮೈಯ ಮೇಲೆ ಏನು ಹಕ್ಕಿತ್ತು ಅನ್ನುವುದಕ್ಕೆ ಇಷ್ಟು ದೊಡ್ಡ ಜಗಳ ಆಗಲಿಲ್ಲ.

ಯುದ್ಧದ ಸಾಕ್ಷಿಗೇ ಈ ಪ್ರಶ್ನೆ ತಪ್ಪಲಿಲ್ಲ ಅಂದಮೇಲೆ, ಶುಲ್ಕ ಕೊಟ್ಟು ಬೆಳಗಿನ ತಂಪಿನಲ್ಲಿ ನಡೆಯುವ ಈ ನಡಿಗೆಗೆ ಹೇಗೆ ತಪ್ಪುತ್ತದೆ? ಸಾಕ್ಷಿ ಹೇಳುವವನು ಒಂದು ಪಕ್ಷ ಹಿಡಿಯುತ್ತಾನೆ, ಅದರ ಅಪಾಯವನ್ನೂ ಹೊರುತ್ತಾನೆ. ಇವರಿಗೆ ಆ ಸಾಕ್ಷಿಯ ಗೌರವ ಬೇಕು, ಅಪಾಯ ಬೇಡ. ಬೆವರಿನ ಹೊಳಪು ಬೇಕು, ಬೆವರಿನ ಲೆಕ್ಕ ಬೇಡ.

ಕಾನೂನು ಏನು ಹೇಳುತ್ತದೆ? ೨೦೧೭ರಿಂದ ಜಾರಿಯಲ್ಲಿರುವ ವಿಯೆಟ್ನಾಮಿನ ನಾಗರಿಕ ಸಂಹಿತೆಯ ೩೨ನೇ ಕಲಮಿನ ಪ್ರಕಾರ ತನ್ನ ಚಿತ್ರದ ಮೇಲೆ ಪ್ರತಿ ವ್ಯಕ್ತಿಗೂ ಹಕ್ಕಿದೆ. ಅದನ್ನು ಬಳಸಲು ಅವರ ಒಪ್ಪಿಗೆ ಬೇಕು. ವ್ಯಾಪಾರಕ್ಕೆ ಬಳಸಿದರೆ, ಬೇರೆ ಒಪ್ಪಂದ ಇಲ್ಲದಿದ್ದರೆ, ಹಣ ಕೊಡಬೇಕು. ಸಭೆ, ಕ್ರೀಡೆಯಂಥ ಸಾರ್ವಜನಿಕ ಚಟುವಟಿಕೆಗೆ ವಿನಾಯಿತಿ ಉಂಟು. ಸೊಪ್ಪು ಮಾರುವವಳು ಕ್ರೀಡೆ ಆಡುತ್ತಿಲ್ಲ. ಕಾನೂನು ಚೆನ್ನಾಗಿಯೇ ಇದೆ. ಆದರೆ ತನ್ನ ಮುಖ ಯಾವ ದೇಶದ ಯಾವ ಗೋಡೆಯ ಮೇಲೆ ತೂಗುತ್ತಿದೆ ಅನ್ನುವುದೇ ಗೊತ್ತಿಲ್ಲದವಳು ಯಾವ ಕೋರ್ಟಿಗೆ ಹೋಗಬೇಕು? ಕಾಗದದ ಮೇಲಿನ ಹಕ್ಕು ಬಡವರ ಅಂಗಳಕ್ಕೆ ಬರುವ ಹೊತ್ತಿಗೆ ಎಷ್ಟು ಸವೆದಿರುತ್ತದೆ ಅಂತ ನಮ್ಮ ಓದುಗರಿಗೆ ಹೇಳಬೇಕಾಗಿಲ್ಲ.

ಕಾನೂನಿಗಿಂತ ಹಳೆಯದು ಒಂದಿದೆ: ಅಲ್ಲಿನ ಜನರ ಮಾತು. ವಿಯೆಟ್ನಾಮಿ ಭಾಷೆಯಲ್ಲಿ ಎದುರಿನವರನ್ನು ಹೆಚ್ಚಾಗಿ ಕರೆಯುವುದು ಸಂಬಂಧದ ಹೆಸರಿನಿಂದಲೇ. ಹಿರಿಯಳಾದರೆ 'ಚಿ', ಅಕ್ಕ. ಇನ್ನೂ ಹಿರಿಯಳಾದರೆ 'ಕೋ', ಅತ್ತೆ. ಮುದುಕಿಯಾದರೆ 'ಬಾ', ಅಜ್ಜಿ. ಕರೆದವನು ತಾನಾಗಿಯೇ ತಮ್ಮನೋ ಮಗನೋ ಮೊಮ್ಮಗನೋ ಆಗುತ್ತಾನೆ. ಇಂಥ ಒಂದೆರಡು ಮಾತು ಕಲಿತು ಬಳಸಿದರೆ ಮಾರ್ಕೆಟ್ಟಿನ ಹೆಂಗಸು ಅರಳಿಕೊಳ್ಳುತ್ತಾಳೆ, ಫೋಟೋ ಸುಲಭವಾಗುತ್ತದೆ. ಆದರೆ ಅಕ್ಕ ಅನ್ನುವುದು ಬೀಗ ತೆಗೆಯುವ ಕಳ್ಳಕೀಲಿಯಲ್ಲ. ಅಕ್ಕ ಅಂದಮೇಲೆ ತಮ್ಮನ ಋಣ ಹೆಗಲೇರುತ್ತದೆ. ಅಕ್ಕನ ಹತ್ತಿರ ಎರಡು ಕಟ್ಟು ಸೊಪ್ಪು ಕೊಳ್ಳಬೇಕು. ತೆಗೆದದ್ದನ್ನು ತೋರಿಸಬೇಕು. ಪ್ರಿಂಟು ಹಾಕಿಸಿ ಮತ್ತೆ ತಂದು ಕೊಡಬೇಕು. ಅವಳು ಅಂಗೈ ಅಲ್ಲಾಡಿಸಿ 'ಖೋಂಗ್', ಬೇಡ ಅಂದರೆ ಕ್ಯಾಮರಾ ಇಳಿಸಬೇಕು. ದೂರ ಹೋಗಿ ಉದ್ದದ ಲೆನ್ಸು ಹಾಕಿ ಕದಿಯಬಾರದು.

ಮಾರ್ಗದರ್ಶಿಯನ್ನು ಬೈದು ಕೈ ತೊಳೆದುಕೊಳ್ಳುವುದು ಸುಲಭ. ಅವನೂ ದುಡಿದು ತಿನ್ನುವವನು. ಎರಡು ಭಾಷೆ ಕಲಿತು ಎರಡು ಲೋಕದ ನಡುವೆ ನಿಂತಿದ್ದಾನೆ. ಆ ನಿಲುವಿನಲ್ಲೇ ಅವನ ಜವಾಬ್ದಾರಿ ಇದೆ. ಪ್ರವಾಸಿಯ ಆಸೆಯನ್ನು ಮಾರ್ಕೆಟ್ಟಿಗೆ ತಲುಪಿಸುವುದಷ್ಟೇ ಅವನ ಕೆಲಸವಾದರೆ ಅವನು ದಲ್ಲಾಳಿ. ಮಾರ್ಕೆಟ್ಟಿನ 'ಬೇಡ'ವನ್ನು ಪ್ರವಾಸಿಗೆ ತಲುಪಿಸಿದರೆ, ಶುಲ್ಕದಲ್ಲಿ ಒಂದು ಪಾಲು ಆ ಹೆಂಗಸರಿಗೂ ಸಲ್ಲಲಿ ಅಂತ ಹಟ ಹಿಡಿದರೆ, ಅವನು ದುಭಾಷಿ. ಈ ವ್ಯತ್ಯಾಸ ಸಣ್ಣದಲ್ಲ. ವಿದ್ಯೆ ಕಲಿತು ತಮ್ಮ ಜನಕ್ಕೂ ಹೊರಗಿನವರಿಗೂ ನಡುವೆ ನಿಂತ ನಮ್ಮೆಲ್ಲರಿಗೂ ಅದು ಅನ್ವಯಿಸುತ್ತದೆ.

ಬೆಂಗಳೂರಿನ ಕೆ.ಆರ್. ಮಾರ್ಕೆಟ್ಟಿನ ಹೂವಿನ ಸಾಲುಗಳಲ್ಲೂ ಇಂಥ ನಡಿಗೆಗಳು ನಡೆಯುತ್ತವೆ. ಆದ್ದರಿಂದ ಇದು ದೂರದ ದೇಶದ ವಿಚಾರ ಅಂತ ಪಕ್ಕಕ್ಕಿಡುವ ಹಾಗಿಲ್ಲ. ದಲಿತರಿಗಂತೂ ನೋಟದ ರಾಜಕಾರಣ ಹೊಸ ಪಾಠವಲ್ಲ. ನೆರಳು ಬೀಳಬಾರದು, ಕಣ್ಣಿಗೆ ಬೀಳಬಾರದು ಅಂತ ಊರಾಚೆ ಇಟ್ಟ ಕಾಲವನ್ನು ಕಂಡವರು ನಾವು. ಕೇರಿಯನ್ನು ನೋಡಿ ಮರುಗಲು, ಮರುಗಿ ಬರೆಯಲು, ಬರೆದು ಹೆಸರು ಮಾಡಲು ಬಂದ ಕಾಲವನ್ನೂ ಕಂಡಿದ್ದೇವೆ. ಮೊದಲಿನವರು ಕಣ್ಣು ಮುಚ್ಚಿಕೊಂಡರು, ಎರಡನೆಯವರು ಕಣ್ಣು ಕೀಳದೆ ನೋಡಿದರು. ಎರಡರಲ್ಲೂ ತೀರ್ಮಾನ ನಮ್ಮದಾಗಿರಲಿಲ್ಲ. ಹಾಗಾಗಿ ಯಾರೂ ಯಾರನ್ನೂ ನೋಡಬಾರದು ಅನ್ನುವುದು ನಮ್ಮ ವಾದ ಆಗಲಾರದು. ಕಾಣದ ಹಾಗೆ ಮಾಡುವುದೂ ಹಿಂಸೆಯೇ. ನಮ್ಮ ವಾದ ಇಷ್ಟು: ನೋಡಿಸಿಕೊಳ್ಳುವವರಿಗೆ ಬಾ ಅನ್ನುವ ಹಕ್ಕೂ ಇರಬೇಕು, ಬೇಡ ಅನ್ನುವ ಹಕ್ಕೂ ಇರಬೇಕು, ತಿರುಗಿ ನೋಡುವ ಹಕ್ಕೂ ಇರಬೇಕು. ಈ ಮೂರು ಇಲ್ಲದ ಕಡೆ ಹುಟ್ಟಿದ ಸೌಂದರ್ಯ ಎಷ್ಟೇ ಚೆನ್ನಾಗಿರಲಿ, ಅದು ಬಾಕಿ ಉಳಿಸಿಕೊಂಡ ಸೌಂದರ್ಯ.

ಇವತ್ತು ಮಾರ್ಕೆಟ್ಟಿನ ಹೆಂಗಸಿನ ಮಗಳ ಕೈಯಲ್ಲೂ ಕ್ಯಾಮರಾ ಇರುವ ಫೋನಿದೆ, ಸೈಗಾನಿನಲ್ಲೂ, ನಮ್ಮೂರಲ್ಲೂ. ಹಳ್ಳಿಯ ಮೇಷ್ಟರು, ವಿದ್ಯಾರ್ಥಿಗಳು ಆ ಮಕ್ಕಳಿಗೆ ಹೇಳಬೇಕಾದ ಕೆಲಸ ಒಂದಿದೆ: ಅವ್ವನ ಚಿತ್ರ ತೆಗಿ, ಅವ್ವನನ್ನು ಕೇಳಿ ತೆಗಿ, ಕೆಳಗೆ ಅವ್ವನ ಹೆಸರು ಬರಿ. ಅವಳು ಮೀನು ಕೊಚ್ಚುವ ಕೈಯ ಚಿತ್ರದ ಜೊತೆಗೆ ಮೀನಿನ ದರವನ್ನೂ, ಬಡ್ಡಿ ಸಾಲವನ್ನೂ, ಪೊಲೀಸಿನವನ ಮಾಮೂಲನ್ನೂ ಬರಿ. ಆಮೇಲೆ ಬೀದಿಯಲ್ಲಿ ಕ್ಯಾಮರಾ ಹಿಡಿದು ನಿಂತವನ ಚಿತ್ರವನ್ನೂ ಒಂದು ತೆಗಿ. ಅವನೂ ಒಮ್ಮೆ ನೋಡಿಸಿಕೊಳ್ಳಲಿ.