ಬಡ್ಡಿ ತುಂಬಲಾರದ ವರ್ಷಗಳು

ಪರಿಹಾರ ಕೊಡದ್ದಕ್ಕೆ ಸಾರಿಗೆ ಬಸ್ ಜಪ್ತಿ ಎಂಬ ಸುದ್ದಿ ಉತ್ತರ ಕರ್ನಾಟಕದಲ್ಲಿ ಪತ್ರಿಕೆ ಓದುವವರಿಗೆ ಹೊಸದಲ್ಲ. ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿ ಪಟ್ಟಣಗಳಿಗೆ ರೈಲಿಲ್ಲ. ಗದಗ-ಬೆಟಗೇರಿಯ ಆಸ್ಪತ್ರೆ, ಕಾಲೇಜು, ಕೋರ್ಟಿಗೆ ಬರುವ ಬಡವರು ನಂಬಿರುವುದು ವಾಯವ್ಯ ಸಾರಿಗೆಯ ಬಸ್ಸನ್ನೇ. ಅಂಥ ಬಸ್ಸು ಬಡಿದು ಮನೆಯ ದುಡಿಯುವ ಜೀವ ಹೋದಾಗ, ಪರಿಹಾರ ಗೊತ್ತಾದ ಮೇಲೂ ಕಾಯಿಸುವ ಹಕ್ಕು ಯಾರಿಗಿದೆ?

1988ರ ಮೋಟಾರು ವಾಹನ ಕಾಯ್ದೆ ವಿಮೆಯಿಲ್ಲದ ವಾಹನ ರಸ್ತೆಗಿಳಿಯಬಾರದು ಎನ್ನುತ್ತದೆ. ಆದರೆ 146ನೇ ಕಲಮಿನಡಿ ಸಾರಿಗೆ ಸಂಸ್ಥೆಗಳಿಗೆ ಸರ್ಕಾರ ವಿನಾಯಿತಿ ಕೊಡಬಹುದು. ಹೊಣೆ ತೀರಿಸಲು ಪ್ರತ್ಯೇಕ ನಿಧಿ ಇಟ್ಟಿರಬೇಕು, ಅಷ್ಟೇ. ಸಾರ್ವಜನಿಕ ಸಂಸ್ಥೆ ಓಡಿಹೋಗುವುದಿಲ್ಲ, ಕೈ ಎತ್ತುವುದಿಲ್ಲ ಎಂಬ ನಂಬಿಕೆಯೇ ಈ ರಿಯಾಯಿತಿಗೆ ಆಧಾರ. ತೀರ್ಪು ಬಂದ 30 ದಿನದೊಳಗೆ ಹಣ ಕಟ್ಟಬೇಕೆಂದು 168ನೇ ಕಲಮು ಹೇಳುತ್ತದೆ. ಆ ಗಡುವು ಮೀರಿದ ಸಂಸ್ಥೆ ತನಗೆ ವಿನಾಯಿತಿ ತಂದುಕೊಟ್ಟ ನಂಬಿಕೆಯನ್ನೇ ಮುರಿಯುತ್ತದೆ.

ತಡವಾದರೆ ಬಡ್ಡಿ ಸಿಗುತ್ತದಲ್ಲ ಎನ್ನುವವರಿದ್ದಾರೆ. ಪರಿಹಾರದ ಲೆಕ್ಕವನ್ನೇ ನೋಡೋಣ. ದೆಹಲಿ ಸಾರಿಗೆ ನಿಗಮದ ವಿರುದ್ಧದ ಸರಳಾ ವರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2009ರಲ್ಲಿ ವಯಸ್ಸಿಗೆ ತಕ್ಕ ಗುಣಕಗಳನ್ನು ನಿಗದಿ ಮಾಡಿತು. ಸತ್ತವರ ವಯಸ್ಸು 36ರಿಂದ 40 ಆಗಿದ್ದರೆ, ಕುಟುಂಬ ಕಳೆದುಕೊಂಡ ವಾರ್ಷಿಕ ಆದಾಯವನ್ನು 15ರಿಂದ ಗುಣಿಸಬೇಕು. ಅವರು ಇನ್ನೂ 20-25 ವರ್ಷ ದುಡಿಯುತ್ತಿದ್ದರಲ್ಲ, 15 ಏಕೆ? ಇಡುಗಂಟು ಈಗಲೇ ಕೈಸೇರುತ್ತದೆ, ಅದರ ಬಡ್ಡಿಯಿಂದ ಮನೆ ನಡೆಯುತ್ತದೆ ಎಂಬ ಎಣಿಕೆಯಿಂದ. ಹಣ ಕೈಸೇರದಿದ್ದರೆ ಆ ಎಣಿಕೆಯೇ ಸುಳ್ಳು. ಕಡಿತ ಮಾತ್ರ ನಿಜವಾಗಿ ಉಳಿಯುತ್ತದೆ. ಆ ಪ್ರಕರಣದ ಅಪಘಾತ ನಡೆದದ್ದು 1988ರಲ್ಲಿ; ಮೇಲ್ಮನವಿಗಳೆಲ್ಲ ಮುಗಿದು ಲೆಕ್ಕ ಇತ್ಯರ್ಥವಾಗುವಾಗ 21 ವರ್ಷ ಸಂದಿದ್ದವು.

ಇತ್ತ ಆ ಮನೆಯವರು ಕೈಸಾಲ ಮಾಡಿರುತ್ತಾರೆ, ತಿಂಗಳಿಗೆ ನೂರಕ್ಕೆ ಎರಡೋ ಮೂರೋ ರೂಪಾಯಿಯಂತೆ. ಕೋರ್ಟು ಕೊಡಿಸುವ ಬಡ್ಡಿ ವರ್ಷಕ್ಕೆ ಆರೋ ಒಂಬತ್ತೋ. ಈ ಅಂತರವನ್ನು ಯಾವ ತೀರ್ಪೂ ತುಂಬುವುದಿಲ್ಲ. ಎಂಟನೆಯ ಇಯತ್ತೆಗೆ ಶಾಲೆ ಬಿಟ್ಟ ಹುಡುಗಿಗೆ ಇಪ್ಪತ್ತನೆಯ ವಯಸ್ಸಿನಲ್ಲಿ ಬರುವ ಹಣ ಆ ತರಗತಿಯನ್ನು ಮರಳಿ ಕೊಡುವುದೂ ಇಲ್ಲ.

ಸಂಸ್ಥೆಯ ಕೈಯೂ ಬಿಗಿಯಾಗಿದೆ, ಒಪ್ಪುತ್ತೇನೆ. ತೀರ್ಪು ತಪ್ಪೆನಿಸಿದರೆ ಧಾರವಾಡ ಪೀಠಕ್ಕೆ ಮೇಲ್ಮನವಿ ಹೋಗುವುದು ಅದರ ಹಕ್ಕು. ಆದರೆ ಮೇಲ್ಮನವಿಯೂ ಇಲ್ಲದೆ, ತಡೆಯಾಜ್ಞೆಯೂ ಇಲ್ಲದೆ ಸುಮ್ಮನೆ ಕುಳಿತಾಗ ‘ಸಾರ್ವಜನಿಕರ ಹಣ’ ಎಂಬ ವಾದ ನಿಲ್ಲದು. ವಿಧವೆ ಮತ್ತೆ ವಕೀಲರನ್ನು ಹಿಡಿದು ಅಮಲ್ಜಾರಿ ಅರ್ಜಿ ಹಾಕಬೇಕು. ಬೇಲಿಫ್ ಬಸ್ ನಿಲ್ದಾಣಕ್ಕೆ ಬಂದು ಬಸ್ಸು ಹಿಡಿಯಬೇಕು. ಇಳಿದು ನಿಲ್ಲುವವರು ಮುಂಡರಗಿಯ ಪ್ರಯಾಣಿಕರು. ತಡ ಮಾಡಿದ ಅಧಿಕಾರಿಯ ಸಂಬಳಕ್ಕೆ ಪೆಟ್ಟಿಲ್ಲ. ಬಡ್ಡಿಯೂ ಅದೇ ಸಾರ್ವಜನಿಕರ ಹಣದಿಂದಲೇ ಹೋಗುತ್ತದೆ.

ಡೀಸೆಲ್, ಟೈರುಗಳಂತೆ ಪರಿಹಾರವೂ ಬಸ್ ಓಡಿಸುವ ಖರ್ಚೇ. ಡೀಸೆಲ್ಲಿಗೆ ಯಾರೂ ಕೋರ್ಟಿನ ಆದೇಶ ಕಾಯುವುದಿಲ್ಲ. ನಿಧಿಯನ್ನು ಬೇರೆ ಖರ್ಚಿಗೆ ಮುಟ್ಟದಂತೆ ಇಡಲಿ. 30 ದಿನ ದಾಟಿಯೂ ಕಟ್ಟದೆ ಉಳಿದ ತೀರ್ಪುಗಳ ಪಟ್ಟಿಯನ್ನು ಪ್ರತಿ ವಿಭಾಗವೂ ತಿಂಗಳಿಗೊಮ್ಮೆ ಪ್ರಕಟಿಸಲಿ, ತಡಕ್ಕೆ ಹೊಣೆಯಾದ ಹುದ್ದೆ ಯಾವುದೆಂದೂ ಅದರಲ್ಲಿರಲಿ.