ಎತ್ತಿದ ಕೈ ಇಳಿಸುವುದು

ದೀಪಾವಳಿ ಕಳೆದು ಯಕ್ಷಗಾನ ಮೇಳ ಹೊರಟಿತೆಂದರೆ ಪತ್ತನಾಜೆಯವರೆಗೆ ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಕಡೆಯ ಬಯಲುಗಳಲ್ಲಿ ಮಹಿಷಾಸುರ ಎಷ್ಟು ಸಲ ಸಾಯುತ್ತಾನೋ ಲೆಕ್ಕವಿಟ್ಟವರಿಲ್ಲ. ಕಟೀಲು ಮೇಳದ ಹರಕೆ ಆಟವೆಂದರೆ ಹೆಚ್ಚಾಗಿ ‘ಶ್ರೀದೇವಿ ಮಹಾತ್ಮೆ’ಯೇ. ನಿನ್ನೆ ಆ ಊರಲ್ಲಿ ಸತ್ತವನು ಇವತ್ತು ಈ ಊರಲ್ಲಿ ದೊಂದಿ ಹಿಡಿದವರ ನಡುವೆ, ಪ್ರೇಕ್ಷಕರನ್ನು ಸೀಳಿಕೊಂಡು ಅಬ್ಬರಿಸುತ್ತ ಬರುತ್ತಾನೆ. ರಾಳದ ಪುಡಿ ಬಿದ್ದು ಬೆಂಕಿ ಭುಗಿಲೆನ್ನುತ್ತದೆ, ಮಕ್ಕಳು ಅಮ್ಮನ ಸೆರಗು ಹಿಡಿಯುತ್ತಾರೆ. ಕೊನೆ ಏನೆಂದು ಎಲ್ಲರಿಗೂ ಗೊತ್ತು. ಆದರೂ ಯಾರಿಗೂ ಬೇಸರವಿಲ್ಲ.

ಈ ಕಾಲದ ಕಥೆಗಾರರಿಗೆ ಮಾತ್ರ ಮರುಕಳಿಸುವ ಕಾಲವೆಂದರೆ ಭಯ. ಟೈಮ್ ಲೂಪ್ ಎಂಬ ಸುಳಿಗೆ ಸಿಕ್ಕವರ ಕಥೆಗಳು ಬೇಕಾದಷ್ಟಿವೆ. 1993ರ ಹಾಲಿವುಡ್ ಚಿತ್ರ ‘ಗ್ರೌಂಡ್‌ಹಾಗ್ ಡೇ’ಯ ನಾಯಕ ಯಾವಾಗ ಕಣ್ಣು ಬಿಟ್ಟರೂ ಫೆಬ್ರವರಿ 2. 2021ರ ತಮಿಳು ಚಿತ್ರ ‘ಮಾನಾಡು’ವಿನ ನಾಯಕ ಸತ್ತಷ್ಟು ಸಲವೂ ಅದೇ ದಿನಕ್ಕೆ ಮರಳುತ್ತಾನೆ. ಕಳೆದ ಸುತ್ತಿನ ನೆನಪಿದ್ದವನು ಪಾರಾಗುತ್ತಾನೆ ಎಂದು ಮೊದಲಿಗೆ ಅನಿಸುತ್ತದೆ. ಆದರೆ ‘ಮಾನಾಡು’ವಿನ ಖಳನಿಗೂ ನೆನಪಿದೆ, ಅದು ಅವನಿಗೆ ಮತ್ತೊಂದು ಸಂಚಿಗೆ ಬಂಡವಾಳ. ಆ ಹಾಲಿವುಡ್ ನಾಯಕನೂ ಮೊದಮೊದಲು ನೆನಪನ್ನು ಕದಿಯಲಿಕ್ಕೆ, ಮೋಸ ಮಾಡಲಿಕ್ಕೆ ಬಳಸಿದವನೇ. ನೆನಪು ಬೇಕು, ಆದರೆ ನೆನಪೊಂದೇ ಸಾಲದು.

ಬಂಟ್ವಾಳದವರಿಗೆ ಇದನ್ನು ಸಿನಿಮಾ ಹೇಳಿಕೊಡಬೇಕಾಗಿಲ್ಲ. 1923ರ ನೆರೆ, 1974ರ ನೆರೆ ಇಂದಿಗೂ ಅಲ್ಲಿನ ಮಾತುಕತೆಯಲ್ಲಿವೆ. ನೇತ್ರಾವತಿ ಅಲ್ಲಿ 8.5 ಮೀಟರ್ ಮುಟ್ಟಿದರೆ ಅಪಾಯದ ಮಟ್ಟ. ಆಟಿಯ ಮಳೆಯಲ್ಲಿ ಹೊಳೆಬದಿಯವರ ಕಿವಿಯೆಲ್ಲ ಆ ಅಂಕಿಯ ಮೇಲೆಯೇ. 2019ರ ಆಗಸ್ಟ್ 9ರಂದು ಬೆಳ್ತಂಗಡಿ ತಾಲೂಕಿನ ಚಾರ್ಮಾಡಿ ಆಸುಪಾಸಿನಲ್ಲಿ ಗುಡ್ಡದ ಮಣ್ಣು, ಮರ ಹೊತ್ತ ಹೊಳೆ ತೋಟಗಳಿಗೆ ನುಗ್ಗಿ ಮರಳು ತುಂಬಿ ಹೋಯಿತು. ಇದ್ಯಾವುದನ್ನೂ ಮರೆತವರಿಲ್ಲ. ಆದರೂ ನೀರಿಳಿದ ಮೇಲೆ ಕಾಳಜಿ ಕೇಂದ್ರ ಮುಚ್ಚುತ್ತದೆ, ಪರಿಹಾರದ ಅರ್ಜಿ ಕಚೇರಿ ಸೇರುತ್ತದೆ, ತೋಡಿನ ಬದಿಗೆ ಮತ್ತೆ ಮಣ್ಣು ಬೀಳುತ್ತದೆ, ಗುಡ್ಡಕ್ಕೆ ಮತ್ತೆ ಜೆಸಿಬಿ ಹತ್ತುತ್ತದೆ. ಮಳೆ ಮರಳಿ ಬರುವುದು ಪ್ರಕೃತಿಯ ನಿಯಮ. ಅದೇ ಜಾಗದಲ್ಲಿ, ಅದೇ ತಪ್ಪು ಮಾಡಿಕೊಂಡು ಅದಕ್ಕೆ ಕಾದು ಕೂರುವುದು ನಮ್ಮ ರೂಢಿ.

ಮನೆಯೊಳಗಿನ ಸುಳಿಯೂ ಹೀಗೆಯೇ. ಅಡಕೆ ತೋಟದ ಅಗಳಿನ ವಿಷಯಕ್ಕೆ ಅಜ್ಜಂದಿರು ಆಡಿದ ಮಾತು ಮೊಮ್ಮಕ್ಕಳ ಬಾಯಲ್ಲಿ ಅದೇ ಧಾಟಿಯಲ್ಲಿ ಬರುತ್ತದೆ. ‘ಅವರು ಅಂದು ಹೀಗೆ ಮಾಡಿದರು’ ಎಂಬುದು ಚೆನ್ನಾಗಿ ನೆನಪಿರುವುದರಿಂದಲೇ ಇಂದಿನ ಜಗಳಕ್ಕೆ ಬಲ. ಕುಡಿದು ಬಂದ ಅಪ್ಪನಿಗೆ ಹೆದರಿ ಬೆಳೆದವನು ಮುಂದೊಂದು ದಿನ ತನ್ನ ಮಗನ ಎದುರು ಕೈ ಎತ್ತುವಾಗ ಆ ಕೈ ಯಾರದ್ದೆಂದು ಯೋಚಿಸುವುದಿಲ್ಲ.

ದೇವಿ ಮಹಾತ್ಮೆಯಲ್ಲಿ ಮಹಿಷನಿಗಿಂತ ದೊಡ್ಡ ಪಾಠ ಕಲಿಸುವವನು ರಕ್ತಬೀಜ. ಅವನ ಒಂದೊಂದು ಹನಿ ರಕ್ತ ನೆಲಕ್ಕೆ ಬಿದ್ದಾಗಲೂ ಇನ್ನೊಬ್ಬ ರಕ್ತಬೀಜ ಏಳುತ್ತಾನೆ. ಹೊಡೆದಷ್ಟೂ ಹೆಚ್ಚುವ ವೈರಿ ಅವನು. ಹೆಚ್ಚು ಜೋರಾಗಿ ಹೊಡೆದದ್ದರಿಂದ ಅವನು ಸಾಯಲಿಲ್ಲ. ಕಾಳಿ ನಾಲಗೆ ಚಾಚಿ ಹನಿ ನೆಲ ಮುಟ್ಟದಂತೆ ನೋಡಿಕೊಂಡಳು. ಬೀಜಕ್ಕೆ ಮಣ್ಣು ಸಿಗಲಿಲ್ಲ, ಅಷ್ಟೆ.

ಹಾಗೆಂದು ಮರುಕಳಿಸುವುದೆಲ್ಲ ಕೆಟ್ಟದ್ದಲ್ಲ. 9ನೆಯ ಶತಮಾನದಲ್ಲಿ ವೀರಸೇನಾಚಾರ್ಯರು ಜೈನ ಗ್ರಂಥ ಷಟ್ಖಂಡಾಗಮಕ್ಕೆ ಬರೆದ ಧವಲಾ ಟೀಕೆ ನಮ್ಮ ಕಾಲದವರೆಗೆ ಉಳಿದು ಬಂದದ್ದು ಮೂಡುಬಿದಿರೆಯ ಹಳಗನ್ನಡ ಲಿಪಿಯ ತಾಳೆಗರಿಗಳಿಂದ. ಯಾರೋ ಕೂತು ಅಕ್ಷರಕ್ಕೆ ಅಕ್ಷರ ಮತ್ತೆ ಬರೆದದ್ದರ ಫಲ ಅದು. ಏನನ್ನು ಮತ್ತೆ ಮಾಡುತ್ತಿದ್ದೇವೆ ಎಂಬ ಅರಿವಿದ್ದರೆ ಪುನರಾವರ್ತನೆ ಸಾಧನೆಯಾಗುತ್ತದೆ, ಅರಿವಿಲ್ಲದಿದ್ದರೆ ಸೆರೆಯಾಗುತ್ತದೆ.

ಜೈನರ ನಂಬಿಕೆಯಲ್ಲಂತೂ ಕಾಲವೇ ಚಕ್ರ. ಏರುವ ಉತ್ಸರ್ಪಿಣಿ, ಇಳಿಯುವ ಅವಸರ್ಪಿಣಿ. ಅದನ್ನು ಯಾರೂ ನಿಲ್ಲಿಸಲಾರರು, ಜೀವ ಅದರಿಂದ ಬಿಡಿಸಿಕೊಳ್ಳಬಹುದು. ಬೆಳ್ತಂಗಡಿ ತಾಲೂಕಿನ ವೇಣೂರಿನಲ್ಲಿ 1604ರಲ್ಲಿ ತಿಮ್ಮಣ್ಣ ಅಜಿಲ ನಿಲ್ಲಿಸಿದ 35 ಅಡಿಯ ಬಾಹುಬಲಿ ಇದ್ದಾನೆ. 2000, 2012, 2024, ಹೀಗೆ 12 ವರ್ಷಕ್ಕೊಮ್ಮೆ ಅವನಿಗೆ ಮಹಾಮಸ್ತಕಾಭಿಷೇಕ. ಹಾಲು, ಅರಿಶಿನ, ಚಂದನ ತಲೆಯಿಂದ ಕಾಲಿಗೆ ಇಳಿಯುವುದನ್ನು ನೋಡಿ ಕೈಮುಗಿಯುವ ನಾವು, ಅವನು ಮಾಡಿದ್ದೇನು ಎಂಬುದನ್ನೂ ನೆನೆಯಬೇಕು. ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧ ಮೂರರಲ್ಲೂ ಗೆದ್ದವನು, ಅಣ್ಣ ಭರತನನ್ನು ಎತ್ತಿ ಹಿಡಿದವನು, ಅಪ್ಪಳಿಸದೆ ಕೆಳಗಿಳಿಸಿದ. ಗೆದ್ದ ರಾಜ್ಯವನ್ನೂ ಬಿಟ್ಟು ನಡೆದ.

ಸೋತವನು ಬಿಟ್ಟುಕೊಟ್ಟರೆ ಅದಕ್ಕೆ ತ್ಯಾಗವೆನ್ನುವುದಿಲ್ಲ. ಅವನ ಸೇಡು ಮುಂದಿನ ಸುತ್ತಿಗೆ ಉಳಿದಿರುತ್ತದೆ. ಸುಳಿಯನ್ನು ಮುರಿಯುವ ಅವಕಾಶ ಇರುವುದು ಕೈ ಮೇಲಾದವನಿಗೆ. ಅಗಳಿನ ಎರಡಡಿ ಬಿಡಬೇಕಾದವನು ಕೇಸು ಗೆದ್ದ ಅಣ್ಣ. ತೋಡಿಗೆ ತೋಡಿನ ಅಗಲ ಬಿಡಬೇಕಾದವನು ಪಕ್ಕದ ಜಾಗ ಕೊಂಡವನು, ಬಿಡಿಸಬೇಕಾದದ್ದು ಅಧಿಕಾರವಿರುವ ಕಚೇರಿ. ಮಗನ ಮುಂದೆ ಕೈ ಇಳಿಸಬೇಕಾದವನು ಅಪ್ಪ. ಗೆಲ್ಲುವುದು ಖಚಿತವಿದ್ದ ಗಳಿಗೆಯಲ್ಲಿ ಹಿಂದೆ ಸರಿದವನಿಂದಲೇ ಹಳೆಯ ಲೆಕ್ಕ ಚುಕ್ತಾ ಆಗುವುದು.